ಪಾಲಿಲ್ಲದ ಮನೆ, ಪಾಲು ಕೇಳುವ ಕಾನೂನು

1837ರ ಮಾರ್ಚ್ 30ರಂದು ಬೆಳ್ಳಾರೆಯ ಖಜಾನೆ ದಂಗೆಯವರ ಕೈಗೆ ಬಂತು. ಕೆದಂಬಾಡಿ ರಾಮಯ್ಯ ಗೌಡರ ಜೊತೆಗೂಡಿ, ಕೊಡಗಿನ ಅರಸುಮನೆತನದವನೆನಿಸಿದ ಕಲ್ಯಾಣಸ್ವಾಮಿಯ ಹೆಸರು ಹೇಳಿಕೊಂಡು ಸುಳ್ಯ ಸೀಮೆಯಿಂದ ಹೊರಟವರು ಏಪ್ರಿಲ್ 5ರ ಹೊತ್ತಿಗೆ ಮಂಗಳೂರಿನ ಬಾವುಟಗುಡ್ಡೆಯ ಮೇಲೆ ತಮ್ಮ ಬಾವುಟ ಏರಿಸಿದ್ದರು. ಊರು ಅವರ ಕೈಯಲ್ಲಿದ್ದದ್ದು ಎರಡು ವಾರದಷ್ಟು ದಿನ. ಆಮೇಲೆ ಕಂಪನಿಯ ಪಡೆ ಬಂತು, ಹಿಡಿದವರನ್ನು ಗಲ್ಲಿಗೇರಿಸಿತು. ಈ ಸಿಟ್ಟಿನ ಬೇರು ತೆರಿಗೆಯಲ್ಲಿತ್ತು. ಕೊಡಗಿನ ಹಾಲೇರಿ ಅರಸರ ಕೈಕೆಳಗಿದ್ದ ಅಮರ ಸುಳ್ಯ, ಪುತ್ತೂರು ಮಾಗಣೆಗಳನ್ನು ಕಂಪನಿ 1834ರಲ್ಲಿ ಕೊಡಗಿನ ಜೊತೆಗೇ ನುಂಗಿ ಕೆನರಾ ಜಿಲ್ಲೆಗೆ ಸೇರಿಸಿತ್ತು. ಅಲ್ಲಿಯವರೆಗೆ ಬೆಳೆದ ಬೆಳೆಯಲ್ಲೇ ಸಲ್ಲುತ್ತಿದ್ದ ಕಂದಾಯವನ್ನು ಇನ್ನು ಮುಂದೆ ನಗದಾಗಿ ತನ್ನಿ ಎಂದಿತ್ತು. ಕಣಜದಲ್ಲಿ ಭತ್ತ ಇದ್ದರೂ ಕೈಯಲ್ಲಿ ರೂಪಾಯಿ ಇಲ್ಲದ ಊರಿಗೆ ಬಂದ ಅಪ್ಪಣೆ ಅದು.

ಆ ದಂಗೆಯ ಕಥೆಯನ್ನು ನಮ್ಮಲ್ಲಿ ಅನೇಕರು ಬರೆದಿದ್ದಾರೆ, 2022ರಲ್ಲಿ ಬಾವುಟಗುಡ್ಡೆಯಲ್ಲಿ ರಾಮಯ್ಯ ಗೌಡರ ಪ್ರತಿಮೆಯೂ ನಿಂತಿತು. ಅದನ್ನು ನಾನಿಲ್ಲಿ ನೆನೆದದ್ದು ಬೇರೆ ಕಾರಣಕ್ಕೆ. ಎಷ್ಟು, ಯಾವಾಗ, ಭತ್ತವೋ ನಾಣ್ಯವೋ ಎಂದು ಎಲ್ಲದಕ್ಕೂ ಜಗಳ ನಡೆದ ಆ ಕಾಲದಲ್ಲಿ ಯಾರೂ ಎತ್ತದ ಪ್ರಶ್ನೆ ಒಂದಿತ್ತು. ಈ ತೆರಿಗೆ ಯಾರ ಪಾಲಿನದು ಎಂಬ ಪ್ರಶ್ನೆ. ಎತ್ತುವ ಅಗತ್ಯವೇ ಇರಲಿಲ್ಲ. ನಮ್ಮ ಕಡೆಯ ತೀರ್ವೆ ಭೂಮಿಯ ಮೇಲೆ ಕೂತಿರುತ್ತದೆ. ಶಾನುಭಾಗರ ಲೆಕ್ಕದಲ್ಲಿ ವರ್ಗಕ್ಕೆ ಒಂದು ಹೆಸರು, ಆ ಹೆಸರಿನವನು ಹಣ ಕಟ್ಟಿದರೆ ಸರಕಾರಕ್ಕೆ ತೃಪ್ತಿ. ಆ ಹೆಸರಿನ ಹಿಂದೆ ಒಬ್ಬನಿದ್ದಾನೋ ಅರುವತ್ತು ಜನರಿದ್ದಾರೋ, ಅವರಲ್ಲಿ ಯಾರಿಗೆ ಎಷ್ಟು ಸೇರಬೇಕೋ, ಕಲೆಕ್ಟರರಿಗೆ ಅದು ಬೇಡದ ಉಸಾಬರಿ.

ಆದಾಯ ತೆರಿಗೆಯ ದಾರಿ ಹಾಗಲ್ಲ. ಅದು ಮೊದಲು ಕೇಳುವುದೇ ಇದನ್ನು: ದುಡ್ಡು ಯಾರದು? ಈ ಪ್ರಶ್ನೆ ಘಟ್ಟದ ಬುಡದ ನಮ್ಮ ಊರುಗಳಿಗೆ ಬಂದಾಗ ಒಂದು ಬಗೆಯ ಮನೆಗಳಲ್ಲಿ ಅದಕ್ಕೆ ಉತ್ತರವೇ ಇರಲಿಲ್ಲ.

ಅವು ಅಳಿಯಸಂತಾನದ ಮನೆಗಳು. ಪುತ್ತೂರು, ಸುಳ್ಯ, ಕಡಬದಲ್ಲಿ ಎಲ್ಲರೂ ಈ ಕಟ್ಟಿನವರಲ್ಲ. ಹವ್ಯಕರು, ಶಿವಳ್ಳಿಯವರು, ಸುಳ್ಯದ ಅರೆಭಾಷೆ ಗೌಡರು ಮಕ್ಕಳ ಸಂತಾನದವರು. ಬಂಟರು, ಬಿಲ್ಲವರು, ತುಳುನಾಡಿನ ಜೈನರು ಮತ್ತಿನ್ನು ಕೆಲವರು ತಾಯಿಯ ಕಡೆಯಿಂದ ಎಣಿಸುವವರು. ಇದಕ್ಕೆ ಭೂತಾಳಪಾಂಡ್ಯನ ಕಥೆ ಹೇಳುವುದು ರೂಢಿ. ಹಡಗು ನೀರಿಗಿಳಿಯಬೇಕಾದರೆ ಕುಂಡೋದರನೆಂಬ ಭೂತಕ್ಕೆ ನರಬಲಿ ಬೇಕಾಯಿತು, ಅರಸನ ಹೆಂಡತಿ ತನ್ನ ಮಕ್ಕಳನ್ನು ಕೊಡಲು ಒಪ್ಪಲಿಲ್ಲ, ತಂಗಿ ತನ್ನ ಮಗನನ್ನು ಕೊಡಲು ಮುಂದೆ ಬಂದಳು, ಹಾಗಾಗಿ ಆಸ್ತಿ ಅಳಿಯನಿಗೆ. ಐತಿಹ್ಯ ಅದು, ಶಾಸನವಲ್ಲ. ಕೋಟಿ ಚೆನ್ನಯರ ಪಾಡ್ದನ ಇದಕ್ಕಿಂತ ಒಳ್ಳೆಯ ಸಾಕ್ಷಿ ಎಂದು ನನಗೆ ಅನಿಸುವುದುಂಟು. ಪಡುಮಲೆ, ಪಂಜ, ಎಣ್ಮೂರು ಎಂದು ಆ ಕಥೆ ನಡೆಯುವುದೆಲ್ಲ ಈ ಮೂರು ತಾಲೂಕುಗಳ ಒಳಗೇ. ದೇಯಿ ಬೈದೆತಿ ತೀರಿಕೊಂಡ ಮೇಲೆ ಅವಳಿ ಮಕ್ಕಳು ಬೆಳೆದದ್ದು ಮಾವ ಸಾಯನ ಬೈದ್ಯರ ಆಸರೆಯಲ್ಲಿ. ಮಾವನೇ ಹಿರಿಯ, ಮಾವನ ಮನೆಯೇ ಮನೆ.

ಆ ಮನೆಯ ಆಸ್ತಿ ಯಾರದು? ಕುಟುಂಬದ್ದು. ಕುಟುಂಬ ಎಂದರೆ ಒಬ್ಬ ಮೂಲಮಾತೆ, ಅವಳ ಮಕ್ಕಳು, ಹೆಣ್ಣುಮಕ್ಕಳ ಮಕ್ಕಳು, ಹೀಗೆ ಹೆಣ್ಣಿನ ಬಳ್ಳಿ ಹಿಡಿದು ಇಳಿದವರೆಲ್ಲ. ಗಂಡಸರ ಮಕ್ಕಳು ಅವರವರ ತಾಯಿಯ ಕುಟುಂಬಕ್ಕೆ ಸೇರಿದವರು. ಹುಟ್ಟಿದ ಮಗುವಿಗೆ ಹುಟ್ಟಿನಿಂದಲೇ ಹಕ್ಕು. ಆದರೆ ಆ ಹಕ್ಕು ಎಷ್ಟನೆಯ ಒಂದು ಎಂದು ಕೇಳುವ ಹಾಗಿಲ್ಲ, ಏಕೆಂದರೆ ಪಾಲು ಎಂಬುದೇ ಇಲ್ಲ. ಮದರಾಸು ಹೈಕೋರ್ಟು ಹುಟ್ಟಿದ ಮರುವರ್ಷ, 1863ರಲ್ಲಿಯೇ, ಅಳಿಯಸಂತಾನದ ಮನೆಯಲ್ಲಿ ಒಬ್ಬ ಸದಸ್ಯ ಬಲವಂತವಾಗಿ ಪಾಲು ಕೇಳುವಂತಿಲ್ಲ ಎಂದು ತೀರ್ಪಿತ್ತಿತು. ಎಲ್ಲರೂ ಒಪ್ಪಿದರೆ ಬೇರೆ ಮಾತು. ಒಬ್ಬರು ತಲೆ ಅಲ್ಲಾಡಿಸಿದರೂ ಮನೆ ಒಂದೇ.

ಹಾಗಾದರೆ ಉಣ್ಣುವುದು ಹೇಗೆ? ಯಜಮಾನನ ಕೈಯಿಂದ. ಗೇಣಿ ಅಕ್ಕಿ ಚಾವಡಿಗೆ ಬರುತ್ತದೆ, ಅಡಿಕೆ ಒಣಗಿ ಮಾರಾಟವಾಗುತ್ತದೆ, ದುಡ್ಡು ಯಜಮಾನನ ಪೆಟ್ಟಿಗೆಗೆ ಹೋಗುತ್ತದೆ. ಅಲ್ಲಿಂದ ಯಾರಿಗೆ ಎಷ್ಟು ಮುಡಿ ಅಕ್ಕಿ, ಯಾವ ಸೊಸೆಯ ಬಾಣಂತನಕ್ಕೆ ಎಷ್ಟು, ಯಾವ ಅಳಿಯನನ್ನು ಮಂಗಳೂರಿಗೆ ಓದಲು ಕಳಿಸುವುದು, ಯಾರನ್ನು ಗದ್ದೆಯಲ್ಲೇ ನಿಲ್ಲಿಸುವುದು, ಎಲ್ಲವೂ ಅವನ ಬಾಯಿಂದ ಬರಬೇಕು. ಕೆಲವು ಮನೆಗಳಲ್ಲಿ ಹಿರಿಯ ಹೆಂಗಸು ಯಜಮಾನ್ತಿಯಾಗಿ ಇದನ್ನೆಲ್ಲ ನಡೆಸಿದ್ದುಂಟು. ಸದಸ್ಯನಿಗೆ ಇದ್ದ ಹಕ್ಕು ಜೀವನಾಂಶದ್ದು. ಯಜಮಾನ ತೀರಾ ಅನ್ಯಾಯ ಮಾಡಿದರೆ, ಮನೆ ಹಾಳು ಮಾಡಿದರೆ, ಕೋರ್ಟಿಗೆ ಹೋಗಿ ಅವನನ್ನು ಇಳಿಸಬಹುದಿತ್ತು. ಹೋಗುತ್ತಿದ್ದರು ಕೂಡ. ನಮ್ಮ ಜಿಲ್ಲೆಯ ಸಿವಿಲ್ ಕೋರ್ಟುಗಳ ಕಪಾಟು ತುಂಬಿದ್ದರಲ್ಲಿ ಯಜಮಾನರ ಪಾಲು ದೊಡ್ಡದು.

ಇದೇ ಸ್ವರೂಪದ ವ್ಯವಸ್ಥೆಯನ್ನು ಇಂಗ್ಲೆಂಡಿನ ವಕೀಲರು ಕಾಗದದಲ್ಲಿ ಕಟ್ಟಿದ್ದರು. ಒಬ್ಬ ಆಸ್ತಿವಂತ ತನ್ನ ಆಸ್ತಿಯನ್ನು ಟ್ರಸ್ಟಿಗಳ ಕೈಗೆ ಕೊಡುತ್ತಾನೆ. ಮಕ್ಕಳು ಮೊಮ್ಮಕ್ಕಳ ಹೆಸರುಗಳನ್ನು ಪತ್ರದಲ್ಲಿ ಬರೆಯುತ್ತಾನೆ. ಯಾರಿಗೆ ಎಷ್ಟು ಎಂದು ಮಾತ್ರ ಬರೆಯುವುದಿಲ್ಲ, ಅದು ಟ್ರಸ್ಟಿಗಳ ವಿವೇಚನೆಗೆ ಬಿಟ್ಟದ್ದು. ನಮ್ಮ ಆಡಿಟರುಗಳು ಇದಕ್ಕೆ ಡಿಸ್ಕ್ರೀಶನರಿ ಟ್ರಸ್ಟ್ ಎನ್ನುತ್ತಾರೆ. ಫಲಾನುಭವಿಗೆ ಇದರಲ್ಲಿ ಇರುವುದು ಆಸೆ, ಕೊಟ್ಟಾಗ ತೆಗೆದುಕೊಳ್ಳುವ ಹಕ್ಕು, ತನ್ನನ್ನೂ ಲೆಕ್ಕಕ್ಕೆ ಹಿಡಿಯಿರಿ ಎಂದು ಕೇಳುವ ಹಕ್ಕು, ಅಷ್ಟೇ. ಕುಟುಂಬದ ಅಳಿಯನಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಒಂದು ಅಂತರ ಮಾತ್ರ ಉಂಟು. ಅಳಿಯ ಹುಟ್ಟಿನಿಂದ ಒಳಗೆ ಬಂದವನು, ಫಲಾನುಭವಿ ಒಬ್ಬನ ಮರ್ಜಿಯಿಂದ. ಮುಂದೆ ತೆರಿಗೆಯ ಲೆಕ್ಕದಲ್ಲಿ ಈ ಅಂತರಕ್ಕೆ ಬಂದ ಬೆಲೆ ಸಣ್ಣದಲ್ಲ.

1922ರ ಆದಾಯ ತೆರಿಗೆ ಕಾಯ್ದೆ ತೆರಿಗೆದಾರರನ್ನು ಬಗೆಬಗೆಯಾಗಿ ವಿಂಗಡಿಸಿತು. ವ್ಯಕ್ತಿ, ಕಂಪನಿ, ಪಾಲುದಾರಿಕೆ ಸಂಸ್ಥೆ, ಇವುಗಳ ಜೊತೆಗೆ ಹಿಂದೂ ಅವಿಭಕ್ತ ಕುಟುಂಬ. ಆ ಕುಟುಂಬ ಎಂದರೆ ಏನು ಎಂದು ಕಾಯ್ದೆ ಹೇಳಲಿಲ್ಲ. ಮಿತಾಕ್ಷರದ ತಂದೆ ಮಕ್ಕಳ ಮನೆ ಅದರಲ್ಲಿ ಬಂತು, ಮಲಬಾರಿನಲ್ಲಿ ಹೆಣ್ಣಿನ ಸಾಲು ಹಿಡಿಯುವ ತರವಾಡು ಬಂತು, ನಮ್ಮ ಕುಟುಂಬವೂ ಬಂತು. ಕುಟುಂಬದ ಆದಾಯಕ್ಕೆ ಕುಟುಂಬವೇ ತೆರಿಗೆ ಕಟ್ಟಬೇಕು. ಸದಸ್ಯ ತನ್ನ ಕೈಗೆ ಬಂದದ್ದರ ಮೇಲೆ ಮತ್ತೆ ಕಟ್ಟಬೇಕಾಗಿಲ್ಲ. ಈ ಎರಡನೆಯ ಮಾತು 1922ರ ಕಾಯ್ದೆಯ 14ನೇ ವಿಧಿಯಲ್ಲಿತ್ತು, 1961ರ ಕಾಯ್ದೆಯ 10(2)ನೇ ವಿಧಿಗೆ ಬಂತು. ಟ್ರಸ್ಟಿಗಳಿಗೆ 1922ರ ಕಾಯ್ದೆಯಲ್ಲಿ 41ನೇ ವಿಧಿ ಇತ್ತು: ಫಲಾನುಭವಿಗಳ ಪಾಲು ಗೊತ್ತಿದ್ದರೆ ಅವರವರ ದರದಲ್ಲಿ ಟ್ರಸ್ಟಿಯಿಂದ ವಸೂಲಿ, ಪಾಲು ಗೊತ್ತಿಲ್ಲದಿದ್ದರೆ ಅತಿ ಹೆಚ್ಚಿನ ದರ.

ಇದರಿಂದ ಪುತ್ತೂರಿನ ಗುತ್ತಿನ ಮನೆಗಳಿಗೆ, ಅಂದರೆ ಊರಿನ ದೊಡ್ಡ ಭೂಮಾಲಿಕ ಕುಟುಂಬಗಳಿಗೆ, ಆಗ ಬಿಸಿ ತಟ್ಟಿತೇ? ಇಲ್ಲವೆನ್ನಬೇಕು. ಕೃಷಿ ಆದಾಯಕ್ಕೆ ಕೇಂದ್ರದ ತೆರಿಗೆ ಅಂದೂ ಇರಲಿಲ್ಲ, ಇಂದೂ ಇಲ್ಲ. ಭತ್ತ, ಅಡಿಕೆ, ತೆಂಗು, ಕರಿಮೆಣಸು, ಇಷ್ಟರಲ್ಲೇ ಮುಗಿಯುವ ಮನೆಗೆ ಆದಾಯ ತೆರಿಗೆಯ ಅಮಲ್ದಾರ ದಾರಿ ತಪ್ಪಿಯೂ ಬರಬೇಕಾಗಿರಲಿಲ್ಲ. ಅವನು ಬಂದದ್ದು ಅಕ್ಕಿಯ ಮಿಲ್ಲು, ಮರದ ವ್ಯಾಪಾರ, ಬಸ್ಸು, ಪೇಟೆಯಲ್ಲಿ ಬಾಡಿಗೆಗೆ ಕೊಟ್ಟ ಕಟ್ಟಡ, ಬ್ಯಾಂಕಿನ ಠೇವಣಿ ಇವುಗಳ ಹಿಂದೆ. ಅಲ್ಲಿಯೂ ಇನ್ನೊಂದು ಗಂಟು. ಬೊಂಬಾಯಿಗೆ ಹೋಗಿ ಹೋಟೆಲಿಟ್ಟ ಅಳಿಯ ತನ್ನ ದುಡಿಮೆಯಿಂದ ಕಟ್ಟಿದ್ದು ಅವನ ಸ್ವಂತದ್ದು. ಕುಟುಂಬದ ದುಡ್ಡು ತೆಗೆದುಕೊಂಡು ಹೋಗಿ ಕಟ್ಟಿದ್ದರೆ? ಮಾವ ಕೊಟ್ಟ ಮೂರು ಸಾವಿರ ಸಾಲವೋ, ಬಂಡವಾಳವೋ, ದಾರಿಖರ್ಚೋ? ಹೀಗೆ ಕೇಳಿದರೆ ಎರಡು ತಲೆಮಾರು ಮಾತು ಬಿಟ್ಟ ಮನೆಗಳು ನಮ್ಮಲ್ಲಿ ಇವೆ.

ಕುಟುಂಬದೊಳಗೆ ಪಾಲು ಎಂಬ ಮಾತನ್ನು ಮೊದಲು ಬಲವಾಗಿ ಹೊಗಿಸಿದ್ದು ತೆರಿಗೆ ಅಲ್ಲ, 1949ರ ಮದರಾಸು ಅಳಿಯಸಂತಾನ ಕಾಯ್ದೆ. ದಕ್ಷಿಣ ಕನ್ನಡ ಆಗ ಮದರಾಸು ಪ್ರಾಂತ್ಯದಲ್ಲಿತ್ತು. ಮಲಬಾರಿನವರಿಗೆ 1930ರ ದಶಕದಲ್ಲೇ ಸಿಕ್ಕಿದ್ದ ಹಕ್ಕು ನಮಗೆ ಬರಲು ಹದಿನೈದಕ್ಕೂ ಹೆಚ್ಚು ವರ್ಷ ಹಿಡಿಯಿತು. ಕಾಯ್ದೆ ಕುಟುಂಬವನ್ನು ಕವರುಗಳಾಗಿ ನೋಡಿತು. ಒಬ್ಬ ಹೆಣ್ಣು, ಅವಳ ಮಕ್ಕಳು, ಹೆಣ್ಣಿನ ಸಾಲಿನಲ್ಲಿ ಅವಳಿಂದ ಇಳಿದವರು ಸೇರಿದರೆ ಒಂದು ಕವರು. ಕವರಿನ ವಯಸ್ಕರಲ್ಲಿ ಬಹುಮತ ಇದ್ದರೆ ಪಾಲು ಕೇಳಬಹುದು. ಐವತ್ತು ವರ್ಷ ತುಂಬದ ಒಬ್ಬ ಹೆಣ್ಣಾದರೂ ಇದ್ದರೆ ಅದು ಸಂತತಿ ಕವರು, ಇಲ್ಲದಿದ್ದರೆ ನಿಸ್ಸಂತತಿ ಕವರು. ಪಾಲಾಗುವ ಹೊತ್ತಿಗೆ ಉಳಿದ ಕುಟುಂಬದಲ್ಲಿ ಅಂಥ ಹೆಣ್ಣು ಇದ್ದರೆ, ನಿಸ್ಸಂತತಿ ಕವರಿಗೆ ಸಿಗುವುದು ಬದುಕಿರುವವರೆಗಿನ ಹಕ್ಕು ಮಾತ್ರ.

ಇಲ್ಲಿ ಸ್ವಲ್ಪ ನಿಲ್ಲಬೇಕು. ಒಂದು ಹೆಣ್ಣಿನ ಐವತ್ತನೆಯ ಹುಟ್ಟುಹಬ್ಬದ ಮೇಲೆ ಅಡಿಕೆ ತೋಟದ ಹಣೆಬರಹ ನಿಂತ ಕಾನೂನು ಅದು. ಹುಟ್ಟಿದ ದಿನಾಂಕವನ್ನೇ ಬರೆದಿಡದ, ದೊಡ್ಡ ನೆರೆ ಬಂದ ವರ್ಷ ಹುಟ್ಟಿದವಳು ಎಂದು ವಯಸ್ಸು ಹೇಳುವ ಊರಿನಲ್ಲಿ ಆ ವಯಸ್ಸನ್ನು ಕೋರ್ಟಿನಲ್ಲಿ ಸಾಬೀತು ಮಾಡಬೇಕಿತ್ತು. ಒಂದೊಂದು ವರ್ಷಕ್ಕೂ ಎರಡೆರಡು ಸಾಕ್ಷಿ ಎಂದರೆ ಅತಿಶಯವಾಗದು.

ಆಮೇಲೆ ದಿಲ್ಲಿಯ ಸರದಿ. 1953ರ ಎಸ್ಟೇಟ್ ಡ್ಯೂಟಿ ಕಾಯ್ದೆ, ಅಂದರೆ ಸತ್ತವರ ಆಸ್ತಿಯ ಮೇಲಿನ ತೆರಿಗೆ, ಕುಟುಂಬದ ಸದಸ್ಯ ಸತ್ತಾಗ ಅವನ ಹಕ್ಕು ಮುಗಿದು ಉಳಿದವರಿಗೆ ಲಾಭವಾಯಿತು, ಅದಕ್ಕೂ ಸುಂಕ ಇದೆ ಎಂದಿತು. ಆ ಕಾಯ್ದೆಯ 7ನೇ ವಿಧಿ ಓದಿ ನೋಡಿದರೆ ನಮ್ಮವರಿಗೆ ಒಂದು ವಿಚಿತ್ರ ಸುಖವಾದೀತು. ಇಂಗ್ಲಿಷ್ ಶಾಸನದ ನಟ್ಟನಡುವೆ ಕುಟುಂಬ, ಕವರು ಎಂಬ ನಮ್ಮ ಚಾವಡಿಯ ಮಾತುಗಳು ಹಾಗೆ ಹಾಗೇ ಕೂತಿವೆ. ಸತ್ತವನಿಗೆ ಹದಿನೆಂಟು ವರ್ಷ ತುಂಬದಿದ್ದರೆ ಈ ಸುಂಕ ಇಲ್ಲ ಎಂಬ ರಿಯಾಯಿತಿಯೂ ಅಲ್ಲೇ ಇತ್ತು. ಈ ಸುಂಕ 1985ರ ಮಾರ್ಚ್ 16ರಿಂದ ಆದ ಸಾವುಗಳಿಗೆ ರದ್ದಾಯಿತು.

1956ರ ಜೂನ್ 17ರಂದು ಬಂದ ಹಿಂದೂ ಉತ್ತರಾಧಿಕಾರ ಕಾಯ್ದೆಯ 7(2)ನೇ ವಿಧಿ ಎಲ್ಲದಕ್ಕಿಂತ ಆಳವಾಗಿ ಕೊರೆಯಿತು. ಕುಟುಂಬದ ಸದಸ್ಯ ಸತ್ತರೆ, ಸಾಯುವ ಕ್ಷಣದ ಮುಂಚೆ ತಲೆಗೊಂದರಂತೆ ಪಾಲಾಗಿತ್ತು ಎಂದು ಊಹಿಸಿಕೊಂಡು, ಆ ಪಾಲನ್ನು ಅವನ ವಾರಸುದಾರರಿಗೆ ಕೊಡಬೇಕು. ವಾರಸುದಾರರು ಎಂದರೆ ಇನ್ನು ಅಳಿಯನೇ ಆಗಬೇಕೆಂದಿಲ್ಲ, ಹೆಂಡತಿ ಮಕ್ಕಳು. ಮರಣ ಶಾಸನ ಬರೆಯುವ ಹಕ್ಕೂ 30ನೇ ವಿಧಿಯಲ್ಲಿ ಸಿಕ್ಕಿತು. ಪಾಲಿಲ್ಲದ ಮನೆಯಲ್ಲಿ ಬದುಕಿರುವಷ್ಟು ದಿನ ಪಾಲಿಲ್ಲ, ಸತ್ತ ಮರುಕ್ಷಣ ಪಾಲುಂಟು. ಒಂದೊಂದು ಸಾವಿನ ಜೊತೆಗೂ ಕುಟುಂಬದ ಆಸ್ತಿಯಿಂದ ಒಂದೊಂದು ತುಂಡು ಕಳಚಿ ಬೇರೆ ಮನೆ ಸೇರತೊಡಗಿತು.

ಉಳಿದದ್ದನ್ನು 1974 ತೆಗೆದುಕೊಂಡಿತು. ಕರ್ನಾಟಕದ ಭೂಸುಧಾರಣೆ ತಿದ್ದುಪಡಿಯಂತೆ ಆ ವರ್ಷದ ಮಾರ್ಚ್ 1ರಂದು ಗೇಣಿಯ ಭೂಮಿ ಸರಕಾರಕ್ಕೆ ಸೇರಿ, ಒಕ್ಕಲು ಡಿಕ್ಲರೇಶನ್ ಕೊಟ್ಟರೆ ಅವನದಾಯಿತು. ಚಾಲಗೇಣಿಗೆ, ಅಂದರೆ ವರ್ಷವರ್ಷದ ಗೇಣಿಗೆ, ಗದ್ದೆ ಬಿಟ್ಟಿದ್ದ ಎಷ್ಟೋ ಗುತ್ತುಗಳಿಗೆ ಮನೆ, ಅಂಗಳ, ಸುತ್ತಲಿನ ಸ್ವಲ್ಪ ತೋಟ, ದೈವದ ಚಾವಡಿ ಮಾತ್ರ ಉಳಿಯಿತು. ಒಕ್ಕಲಿನವನ ಕಡೆಯಿಂದ ನೋಡಿದರೆ ಅದು ನ್ಯಾಯ, ಅದರಲ್ಲಿ ನನಗೆ ಅನುಮಾನವಿಲ್ಲ. ಯಜಮಾನಿಕೆಗೆ ಮಾತ್ರ ಆಮೇಲೆ ಹಂಚಲು ಏನೂ ಉಳಿಯಲಿಲ್ಲ.

ಗಡಿಯ ಆಚೆಗೆ ಇನ್ನೂ ಚುರುಕು. ಜಾಲ್ಸೂರು, ಮಂಡೆಕೋಲಿನಿಂದ ಸ್ವಲ್ಪ ನಡೆದರೆ ಕಾಸರಗೋಡು. 1956ರವರೆಗೆ ಒಂದೇ ಜಿಲ್ಲೆ, ಆಮೇಲೆ ಕೇರಳ. ಕೇರಳ ಶಾಸನಸಭೆ 1975ರಲ್ಲಿ ಹಿಂದೂ ಅವಿಭಕ್ತ ಕುಟುಂಬ ಪದ್ಧತಿಯನ್ನೇ ರದ್ದು ಮಾಡಿತು, 1976ರ ಡಿಸೆಂಬರ್ 1ರಿಂದ ಅದು ಜಾರಿ. ಗಡಿಯ ಆಚೆಯ ಕುಟುಂಬದ ಸದಸ್ಯರೆಲ್ಲ ಅಂದು ಬೆಳಿಗ್ಗೆ ಎದ್ದಾಗ ಗೊತ್ತುಪಾಡಾದ ಪಾಲುಗಳ ಒಡೆಯರು. ಗಡಿಯ ಈಚೆ ಇರುವ ಅವರ ನೆಂಟರು ಹಿಂದಿನ ಹಾಗೇ. ಒಂದೇ ಬರಿಯವರು (ಬಳಿಯವರು), ಒಂದೇ ದೈವಕ್ಕೆ ಕೈಮುಗಿಯುವವರು, ಕಾನೂನಿನ ಲೆಕ್ಕದಲ್ಲಿ ಬೇರೆ ಬೇರೆ ಜಾತಿಯ ಪ್ರಾಣಿಗಳಾದರು. ಇನ್ನೂ ದಕ್ಷಿಣಕ್ಕೆ, ಉತ್ತರ ಮಲಬಾರಿನ ಮಾಪಿಳ್ಳೆ ತರವಾಡುಗಳದು ಮತ್ತೊಂದು ಬಗೆ. ಅವರದೂ ಹೆಣ್ಣಿನ ಸಾಲೇ, ಆದರೆ ಮುಸ್ಲಿಮರು, ಹಾಗಾಗಿ ಹಿಂದೂ ಅವಿಭಕ್ತ ಕುಟುಂಬ ಎನ್ನುವಂತಿಲ್ಲ. ಸಂಪತ್ತಿನ ತೆರಿಗೆಗೆ ಅವರನ್ನು ಯಾವ ಸಾಲಿನಲ್ಲಿ ನಿಲ್ಲಿಸುವುದು ಎಂದು ಸುಪ್ರೀಂ ಕೋರ್ಟಿನವರೆಗೆ ಹೋಗಿ, 1981ರಲ್ಲಿ, ಇಡೀ ತರವಾಡನ್ನು ವ್ಯಕ್ತಿ ಎಂಬ ಪದದ ಒಳಗೆ ತೂರಿಸಲಾಯಿತು.

ಇತ್ತ ಕುಟುಂಬಗಳು ಒಡೆಯುತ್ತಿದ್ದ ದಿನಗಳಲ್ಲೇ, ಅತ್ತ ಬೊಂಬಾಯಿ, ಅಹಮದಾಬಾದ್, ಕಲ್ಕತ್ತೆಯ ಸಿರಿವಂತರು ಕಾಗದದ ಕುಟುಂಬಗಳನ್ನು ಕಟ್ಟುತ್ತಿದ್ದರು. 1961ರ ಕಾಯ್ದೆಯ 164ನೇ ವಿಧಿ ಮೊದಲಿಗೆ ಮೆತ್ತಗಿತ್ತು. ಪಾಲು ಗೊತ್ತಿಲ್ಲದ ಟ್ರಸ್ಟನ್ನು ಒಂದು ಜನಸಮೂಹ ಎಂದು ಭಾವಿಸಿ, ಸ್ಲ್ಯಾಬಿನ ಪ್ರಕಾರ ತೆರಿಗೆ ಹಾಕುತ್ತಿತ್ತು. ಒಂದು ಟ್ರಸ್ಟ್ ಮಾಡಿದರೆ ಒಂದು ಸಲ ಕೆಳಗಿನ ಸ್ಲ್ಯಾಬು, ಹತ್ತು ಟ್ರಸ್ಟ್ ಮಾಡಿದರೆ ಹತ್ತು ಸಲ. ಅತ್ತೆಗೊಂದು, ಮೊಮ್ಮಗನಿಗೊಂದು, ಹುಟ್ಟಲಿರುವ ಮೊಮ್ಮಗಳಿಗೊಂದು. ಆಗಿನ ದರ ನೋಡಿದರೆ ಅವರ ಚಡಪಡಿಕೆ ಅರ್ಥವಾಗುತ್ತದೆ. 1970ರ ಬಜೆಟ್ಟಿನಲ್ಲಿ ಮೇಲಿನ ದರ ಸರ್‌ಚಾರ್ಜು ಸೇರಿ ಶೇ. 93.5ಕ್ಕೆ ಹೋಯಿತು, ಮರುವರ್ಷ ಶೇ. 97.75.

ಆ 1970ರ ಬಜೆಟ್ಟನ್ನು ಮಂಡಿಸಿದವರು, ಹಣಕಾಸು ಖಾತೆಯನ್ನೂ ಕೈಯಲ್ಲಿಟ್ಟುಕೊಂಡಿದ್ದ ಪ್ರಧಾನಿ ಇಂದಿರಾ ಗಾಂಧಿ. ಪಾಲು ಗೊತ್ತಿಲ್ಲದ ಟ್ರಸ್ಟಿಗೆ ಇನ್ನು ಮುಂದೆ ಮೊದಲ ರೂಪಾಯಿಯಿಂದಲೇ ಶೇ. 65, ಇಲ್ಲವೇ ಸ್ಲ್ಯಾಬಿನ ಲೆಕ್ಕ, ಎರಡರಲ್ಲಿ ಸರಕಾರಕ್ಕೆ ಯಾವುದು ಲಾಭವೋ ಅದು. 1970ರ ಮಾರ್ಚ್ 1ಕ್ಕೆ ಮುಂಚೆ ತನ್ನ ಆಸರೆಯಲ್ಲಿದ್ದ ಬಂಧುಗಳಿಗಾಗಿ ಪ್ರಾಮಾಣಿಕವಾಗಿ ಮಾಡಿಟ್ಟ ಟ್ರಸ್ಟುಗಳಿಗೆ ವಿನಾಯಿತಿ. ಮರಣ ಶಾಸನದಿಂದ ಹುಟ್ಟಿದ ಟ್ರಸ್ಟಿಗೂ ವಿನಾಯಿತಿ. ಯಾವ ಫಲಾನುಭವಿಗೂ ಬೇರೆ ತೆರಿಗೆಯ ಆದಾಯ ಇಲ್ಲ ಎಂದಾದರೂ ಹಾಗೆಯೇ. ಈ ವಿನಾಯಿತಿಗಳ ಪಟ್ಟಿ ಓದುವಾಗ ನನಗೆ ಹಳೆಯ ಯಜಮಾನ ನೆನಪಾಗುತ್ತಾನೆ. ಸಂಪಾದನೆ ಇಲ್ಲದ ತಂಗಿಯ ಮಕ್ಕಳನ್ನು ಸಾಕುವವನನ್ನು ಕಾನೂನು ಬಿಟ್ಟುಬಿಡುತ್ತದೆ, ಸ್ಲ್ಯಾಬು ಕಡಿಮೆ ಮಾಡಿಕೊಳ್ಳಲು ಹೊರಟವನನ್ನು ಹಿಡಿಯುತ್ತದೆ.

ಶೇ. 65 ಕಟ್ಟಿದರೂ ಶೇ. 93ಕ್ಕಿಂತ ಅಗ್ಗ ಎಂದು ದೊಡ್ಡವರು ಲೆಕ್ಕ ಹಾಕಿದರು. 1980ರಲ್ಲಿ ಆರ್. ವೆಂಕಟರಾಮನ್ ಹಣಕಾಸು ಸಚಿವರಾಗಿದ್ದಾಗ ಆ ಕಿಂಡಿಯೂ ಮುಚ್ಚಿತು. ಟ್ರಸ್ಟಿಗೆ ಈಗ ಆ ವರ್ಷದ ಅತಿ ಮೇಲಿನ ಸ್ಲ್ಯಾಬಿನ ದರವೇ. ಅದೇ ವರ್ಷದ ಹಣಕಾಸು ಕಾಯ್ದೆ ಇನ್ನೊಂದು ಕೆಲಸವನ್ನೂ ಮಾಡಿತು: 1978ರ ಡಿಸೆಂಬರ್ 31ರ ನಂತರ ಅವಿಭಕ್ತ ಕುಟುಂಬ ಅರ್ಧಂಬರ್ಧ ಪಾಲಾದರೆ, ತೆರಿಗೆಯವರು ಅದನ್ನು ಒಪ್ಪುವುದಿಲ್ಲ. ಸ್ವಲ್ಪ ಒಡೆದು ಸ್ವಲ್ಪ ಕೂಡಿರುವ ಆಟ ಬೇಡ ಎಂದ ಹಾಗೆ. 1981ರಲ್ಲಿ ಬರಹ ಇಲ್ಲದ ಬಾಯಿಮಾತಿನ ಟ್ರಸ್ಟಿಗೂ ಅದೇ ದರ ಬಂತು. 1984ರಲ್ಲಿ ವ್ಯಾಪಾರದ ಲಾಭ ಇರುವ ಖಾಸಗಿ ಟ್ರಸ್ಟಿಗೆ, ಪಾಲು ಗೊತ್ತಿದ್ದರೂ ಗೊತ್ತಿಲ್ಲದಿದ್ದರೂ, ಅದೇ ದರ. ಫಲಾನುಭವಿಗೆ ಆದ ಉಪಕಾರ ಒಂದೇ. ಟ್ರಸ್ಟಿಯ ಕೈಯಲ್ಲಿ ತೆರಿಗೆ ತೆತ್ತ ಹಣವನ್ನು ಅವನ ಕೈಯಲ್ಲಿ ಎರಡನೆಯ ಸಲ ತೂಗುವುದಿಲ್ಲ. 1974ರ ಡಿಸೆಂಬರಿನಲ್ಲಿ ತೆರಿಗೆ ಮಂಡಳಿಯೇ ಸುತ್ತೋಲೆ ಹೊರಡಿಸಿ, ಟ್ರಸ್ಟಿಯೋ ಫಲಾನುಭವಿಯೋ ಒಬ್ಬರನ್ನು ಆರಿಸಿಕೊಂಡ ಮೇಲೆ ಇನ್ನೊಬ್ಬರನ್ನು ಹಿಡಿಯಬಾರದು ಎಂದು ತನ್ನ ಅಧಿಕಾರಿಗಳಿಗೆ ತಿಳಿಸಿತ್ತು. ಆದಾಯ ಬಂದ ವರ್ಷವೇ ಹಣ ಹಂಚಿದ್ದರೆ ಇಲಾಖೆ ಬೇಕಾದವರ ಬೆನ್ನು ಹಿಡಿಯಬಹುದು ಎಂದು 1994ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಆಯ್ಕೆ ಇಲಾಖೆಯದು, ನಿಮ್ಮದಲ್ಲ.

ಹೀಗೆ ಒಂದೇ ರೂಪಾಯಿಗೆ ಎರಡು ಹಣೆಬರಹ. ಹುಟ್ಟಿನಿಂದ ಬಂದ ಕುಟುಂಬದಲ್ಲಿ ಯಾರಿಗೆ ಎಷ್ಟು ಎಂದು ಗೊತ್ತಿಲ್ಲದಿದ್ದರೆ ಸಾಮಾನ್ಯ ಸ್ಲ್ಯಾಬು. ಪತ್ರದಿಂದ ಹುಟ್ಟಿದ ಟ್ರಸ್ಟಿನಲ್ಲಿ ಯಾರಿಗೆ ಎಷ್ಟು ಎಂದು ಗೊತ್ತಿಲ್ಲದಿದ್ದರೆ ನೆತ್ತಿಯ ದರ. ಇದನ್ನು ಅನ್ಯಾಯ ಎನ್ನಲು ನನಗೆ ಮನಸ್ಸಿಲ್ಲ. ಕುಟುಂಬವನ್ನು ಯಾರೂ ತೆರಿಗೆ ಉಳಿಸಲು ಹುಟ್ಟಿಸಿಕೊಂಡವರಲ್ಲ.

ಅಲ್ಲಿಗೆ ಪುತ್ತೂರು ಸುಳ್ಯದವರಿಗೆ ಈ ಕಾನೂನಿನ ಗೊಡವೆ ಮುಗಿಯಬೇಕಿತ್ತು. ಮುಗಿಯಲಿಲ್ಲ. ಅದು ಹಿಂದಿನ ಬಾಗಿಲಿನಿಂದ, ದೈವದ ಚಾವಡಿಯ ಮೂಲಕ ಒಳಗೆ ಬಂತು.

ಕಳೆದ ಕೆಲವು ದಶಕಗಳಲ್ಲಿ ಈ ಮೂರೂ ತಾಲೂಕುಗಳಲ್ಲಿ ತರವಾಡು ಮನೆಗಳು ಎದ್ದು ನಿಲ್ಲುತ್ತಿವೆ. ಮಕ್ಕಳ ಸಂತಾನದವರ ಮೂಲಮನೆಗಳೂ ಹಾಗೆಯೇ. ಬೊಂಬಾಯಿ, ಬೆಂಗಳೂರು, ದುಬಾಯಿಯಲ್ಲಿರುವವರು ಹಣ ಕಳಿಸುತ್ತಾರೆ. ಬಿದ್ದ ಗೋಡೆ ಕಟ್ಟಿ, ಧರ್ಮದೈವಕ್ಕೆ, ಪಂಜುರ್ಲಿಗೆ, ಗುಳಿಗನಿಗೆ ಸ್ಥಾನ ಮಾಡಿ, ವರ್ಷಕ್ಕೊಮ್ಮೆ ತಂಬಿಲ, ಕೂಡಿ ಬಂದಾಗ ನೇಮ. ಯಜಮಾನನಿಗೆ ಗಡಿ, ಅಂದರೆ ಪಟ್ಟ, ಆಗುತ್ತದೆ. ಹಂಚುವ ಅಕ್ಕಿ ಇಲ್ಲ, ಪ್ರಸಾದ ಹಂಚುತ್ತಾನೆ. ನೇಮಗಳ ಕಾಲ ಮುಗಿಯುವ ಪತ್ತನಾಜೆಗೆ ಮುಂಚೆ ಊಟ ಮುಗಿಸಿ ಅಂಗಳದಲ್ಲಿ ಕುರ್ಚಿ ಹಾಕಿ ಲೆಕ್ಕ ಓದುವ ಹೊತ್ತಿಗೆ ಯಾರೋ ಒಬ್ಬರು ಹೇಳಿಯೇ ಹೇಳುತ್ತಾರೆ: ‘ಮಾವ, ಹೀಗೆ ಮೂವರ ಹೆಸರಲ್ಲಿ ಖಾತೆ ಇಟ್ಟರೆ ಆಗುದಿಲ್ಲ, ಒಂದು ಟ್ರಸ್ಟ್ ರಿಜಿಸ್ಟ್ರಿ ಮಾಡುವ.’ ಎಲ್ಲರೂ ಹೂಂ ಅನ್ನುತ್ತಾರೆ. ಟ್ರಸ್ಟ್ ಅಂದರೆ ತೆರಿಗೆ ಇಲ್ಲ ಎಂಬುದು ನಮ್ಮಲ್ಲಿ ಗಟ್ಟಿಯಾಗಿ ಕೂತ ನಂಬಿಕೆ.

ದೈವ ದೇವರು ತೆರಿಗೆಯಿಂದ ಹೊರಗಿದ್ದಾರೆ ಎಂದು ತಿಳಿದವರು 1969ರ ಸುಪ್ರೀಂ ಕೋರ್ಟಿನ ತೀರ್ಪು ನೋಡಬೇಕು. ಬಂಗಾಳದ ಮನೆತನವೊಂದರ ದೇವರ ಆಸ್ತಿಯ ಪ್ರಕರಣ. ಹಿಂದೂ ದೇವರು ಕಾನೂನಿನ ಕಣ್ಣಿನಲ್ಲಿ ಒಬ್ಬ ವ್ಯಕ್ತಿ, ಆಸ್ತಿ ಹೊಂದಬಲ್ಲ, ಆದ್ದರಿಂದ ಆಡಳಿತಗಾರನ ಮೂಲಕ ಅವನಿಗೂ ತೆರಿಗೆ ಹಾಕಬಹುದು ಎಂದಾಯಿತು. ದೇವಸ್ಥಾನಗಳಿಗೆ, ಧರ್ಮಕಾರ್ಯಗಳಿಗೆ ವಿನಾಯಿತಿ ಇರುವುದು ನಿಜ. ಆದರೆ ಅದೇ 1961ರ ಕಾಯ್ದೆಯ 13(1)(ಎ) ವಿಧಿ ಹೇಳಿತ್ತು: ಸಾರ್ವಜನಿಕರಿಗೆ ಪ್ರಯೋಜನವಾಗದ ಖಾಸಗಿ ಧಾರ್ಮಿಕ ಉದ್ದೇಶಕ್ಕೆ ಆ ವಿನಾಯಿತಿ ಇಲ್ಲ. ಪುತ್ತೂರಿನ ಮಹಾಲಿಂಗೇಶ್ವರನ ಬಾಗಿಲಿಗೆ ಯಾರೂ ಬರಬಹುದು, ಕುಕ್ಕೆಯ ಸುಬ್ರಹ್ಮಣ್ಯನ ಬಾಗಿಲಿಗೂ. ತರವಾಡಿನ ದೈವದ ಭಂಡಾರ ಕುಟುಂಬದ್ದು, ಸೇವೆಯ ಹಕ್ಕು ಕುಟುಂಬದವರದು. ಪತ್ರದಲ್ಲಿ ‘ನಮ್ಮ ಕುಟುಂಬದ ಸದಸ್ಯರ ಶ್ರೇಯೋಭಿವೃದ್ಧಿಗಾಗಿ’ ಎಂದು ಬರೆಸಿದರೆ ಆ ಒಂದು ಸಾಲಿನಲ್ಲೇ ವಿನಾಯಿತಿ ಹೋಯಿತು. ಯಾವ ಸದಸ್ಯನಿಗೆ ಎಷ್ಟು ಶ್ರೇಯಸ್ಸು ಎಂದು ಬರೆಯುವುದಂತೂ ಸಾಧ್ಯವಿಲ್ಲ, ಅಂದರೆ ಪಾಲು ಗೊತ್ತಿಲ್ಲದ ಟ್ರಸ್ಟ್, 164ನೇ ವಿಧಿ. ಟ್ರಸ್ಟೇ ಬೇಡ, ಸಮಿತಿಯೇ ಇರಲಿ ಎಂದರೂ ಪೂರ್ತಿ ಪಾರಾಗುವುದಿಲ್ಲ. ಪಾಲು ಗೊತ್ತಿಲ್ಲದ ಜನಸಮೂಹಕ್ಕೆ ನೆತ್ತಿಯ ದರ ಹಾಕುವ 167ಬಿ ವಿಧಿ 1980ರ ದಶಕದ ಕೊನೆಗೆ ಬಂದಿತ್ತು.

ಹೆದರಿಸಲು ಇದನ್ನು ಹೇಳುತ್ತಿಲ್ಲ. ತರವಾಡಿನ ಸುತ್ತ ಉಳಿದ ತೋಟದ ಅಡಿಕೆಯ ಹಣ ಯಾರ ಕೈಯಲ್ಲಿದ್ದರೂ ಕೃಷಿ ಆದಾಯವೇ, ಅದಕ್ಕೆ ಕೇಂದ್ರದ ತೆರಿಗೆ ಇಲ್ಲ. 1973ರಿಂದ ಕೃಷಿ ಆದಾಯವನ್ನು ಬೇರೆ ಆದಾಯದ ದರ ನಿಶ್ಚಯಿಸಲು ಕೂಡಿಸುವ ಪದ್ಧತಿ ಬಂದಿದ್ದರೂ, ಮೊದಲೇ ಮೇಲಿನ ದರದಲ್ಲಿರುವವನಿಗೆ ಅದರಿಂದ ಹೆಚ್ಚಿನ ನಷ್ಟವಿಲ್ಲ. ತೊಂದರೆ ಬರುವುದು ಬ್ಯಾಂಕಿನಲ್ಲಿಟ್ಟ ಠೇವಣಿಯ ಬಡ್ಡಿಗೆ, ಪೇಟೆಯ ಕೋಣೆಯ ಬಾಡಿಗೆಗೆ. ಶೇ. 30ರ ಮೇಲೆ ಸರ್‌ಚಾರ್ಜು ಎಷ್ಟು ಎಂಬುದಕ್ಕೆ ಇತ್ತೀಚೆಗೆ ಸ್ವಲ್ಪ ಸಮಾಧಾನ ಸಿಕ್ಕಿದೆ. 2025ರಲ್ಲಿ ಮುಂಬಯಿಯ ಆದಾಯ ತೆರಿಗೆ ಮೇಲ್ಮನವಿ ನ್ಯಾಯಮಂಡಳಿಯ ವಿಶೇಷ ಪೀಠ, ಡಿಸ್ಕ್ರೀಶನರಿ ಟ್ರಸ್ಟಿಗೆ ಸರ್‌ಚಾರ್ಜನ್ನು ಅದರ ಆದಾಯದ ಮಟ್ಟಕ್ಕೆ ತಕ್ಕಂತೆ ಹಾಕಬೇಕು, ಸಣ್ಣ ಆದಾಯಕ್ಕೂ ಅತಿ ಹೆಚ್ಚಿನ ಸರ್‌ಚಾರ್ಜು ಹೇರಬಾರದು ಎಂದಿತು. 1961ರ ಕಾಯ್ದೆಯ ಜಾಗಕ್ಕೆ 2025ರ ಹೊಸ ಕಾಯ್ದೆ 2026ರ ಏಪ್ರಿಲ್ 1ರಿಂದ ಬಂದಿರುವುದರಿಂದ ವಿಧಿಗಳ ಸಂಖ್ಯೆ ಬದಲಾಗಿದೆ, ಹಳೆಯ ಸಂಖ್ಯೆಗಳು ಇನ್ನು ಇತಿಹಾಸದ ಲೇಖನಗಳಿಗೆ.

ನಿಮ್ಮ ಮನೆಯಲ್ಲಿಯೂ ಟ್ರಸ್ಟಿನ ಮಾತು ಎದ್ದಿದ್ದರೆ ಒಂದು ಕೋರಿಕೆ. ಕರಡು ಬರೆಸುವ ಮೊದಲು ಅಟ್ಟದ ಪೆಟ್ಟಿಗೆಯಲ್ಲಿರುವ ಹಳೆಯ ಪಾಲುಪಟ್ಟಿಯನ್ನು ಇಳಿಸಿ ಓದಿ. 1949ರ ನಂತರ ಆದ ಇಂಥ ಪತ್ರಗಳಲ್ಲಿ ಮನೆ, ಚಾವಡಿ, ದೈವದ ಖರ್ಚಿಗೆಂದು ಪಾಲು ಮಾಡದೆ ಬಿಟ್ಟ ಜಾಗದ ವಿವರ ಕೊನೆಯಲ್ಲಿ ಇರುವುದುಂಟು. ಆ ಜಾಗ ಪಾಲಾಗದೆ ಉಳಿದ ಕುಟುಂಬದ್ದೋ, ದೈವದ್ದೋ, ಎಲ್ಲರಿಗೂ ಸೇರಿದ್ದೋ ಎಂದು ನಿಮ್ಮ ಅಜ್ಜನೋ ಅಜ್ಜಿಯ ಅಣ್ಣನೋ ಯಾವ ಪದ ಬಳಸಿ ಬರೆಸಿದ್ದಾರೆ ನೋಡಿ. ಆ ಹಾಳೆಯ ಒಂದು ಪ್ರತಿ ತೆಗೆಸಿ ಆಡಿಟರರ ಕೈಗೆ ಕೊಟ್ಟು, ಆಮೇಲೆ ಟ್ರಸ್ಟಿನ ಮಾತಾಡಿ.